ಫಜಲ್ ತರ ಆಗ್ತೀನಿ ಅಂತಾನೆ, ಕಾಲೇಜು ಬಿಡಿಸಲೇ?

ಪ್ರಶ್ನೆ: ಸರ್, ನಮ್ಮದು ಮದ್ದೂರು ತಾಲ್ಲೂಕಿನ ಒಂದು ಹಳ್ಳಿ. ಕಬ್ಬು, ರೇಷ್ಮೆ ಮಾಡಿಕೊಂಡಿದ್ದೇವೆ. ಮಗನಿಗೆ ಹದಿನೇಳು ವರ್ಷ, ಮೊದಲ ಪಿಯುಸಿ. ಕಬಡ್ಡಿಯಲ್ಲಿ ಲೆಫ್ಟ್ ಕಾರ್ನರ್, ಅಂದರೆ ಎಡತುದಿಯಲ್ಲಿ ನಿಂತು ಎದುರಾಳಿಯನ್ನು ಹಿಡಿಯುವವನು, ಜಿಲ್ಲಾ ಮಟ್ಟದವರೆಗೆ ಆಡಿದ್ದಾನೆ. ಇರಾನಿನ ಫಜಲ್ ಅತ್ರಾಚಲಿ ಅಂದರೆ ಪ್ರಾಣ, ಫೋನಿನಲ್ಲಿ ಹಗಲೂ ರಾತ್ರಿ ಅವರದೇ ವಿಡಿಯೊ. ಈಗ ಕಾಲೇಜು ಬಿಟ್ಟು ಎರಡು ವರ್ಷ ಬರೀ ಕಬಡ್ಡಿ ಆಡುತ್ತೇನೆ ಎನ್ನುತ್ತಿದ್ದಾನೆ. ‘ಫಜಲ್ ಮೊದಲು ಕುಸ್ತಿಯವರು, ಆಮೇಲೆ ಕಬಡ್ಡಿಗೆ ಬಂದು ಕೋಟಿ ತಗೊಂಡರು, ನನಗೆ ಯಾಕೆ ಆಗಲ್ಲ’ ಅಂತ ವಾದ. ಇರಾನಿನವರ ಮೈಕಟ್ಟೇ ಬೇರೆ, ಮುದ್ದೆ ಉಂಡ ಮೈಗೆ ಅದು ಒಗ್ಗಲ್ಲ ಎಂದು ಊರಲ್ಲಿ ಕೆಲವರು. ವಿದೇಶಿಯರಿಗೆ ದುಡ್ಡು ಸುರಿದು ನಮ್ಮ ಹುಡುಗರಿಗೆ ಜಾಗ ಇಲ್ಲದ ಹಾಗೆ ಮಾಡಿದ್ದಾರೆ ಎಂದು ಇನ್ನು ಕೆಲವರು. ಒಂದು ಅಕಾಡೆಮಿಯವರು ಎರಡು ಲಕ್ಷ ಕಟ್ಟಿದರೆ ‘ಇರಾನಿ ಟ್ರೇನಿಂಗ್’ ಕೊಡುತ್ತೇವೆ ಅಂದಿದ್ದಾರೆ. ಆರು ವಾರದಿಂದ ಎಡಮಂಡಿ ನೋವು ಅಂತ ಪಟ್ಟಿ ಕಟ್ಟಿಕೊಂಡೇ ಆಡುತ್ತಿದ್ದಾನೆ, ಅದು ಬೇರೆ. ಆ ಆಟಗಾರರ ನಿಜವಾದ ಬದುಕು ಹೇಗಿರುತ್ತದೆ, ಸ್ವಲ್ಪ ಬಿಡಿಸಿ ಹೇಳಿ.

ಉತ್ತರ: ನಿಮ್ಮ ಮಗ ಹೇಳಿದ್ದರಲ್ಲಿ ಸುಳ್ಳಿಲ್ಲ. ಫಜಲ್ ಕುಸ್ತಿಯಿಂದ ಬಂದವರು, ಕೋಟಿಯನ್ನೂ ತೆಗೆದುಕೊಂಡವರು. ಅವನಿಗೆ ಕಾಣದೇ ಇರುವುದು ಈ ಎರಡರ ನಡುವಿನ ಭಾಗ. ಫೋನಿನ ವಿಡಿಯೊಗಳಲ್ಲಿ ಅದು ಬರುವುದಿಲ್ಲ, ಹಿಡಿದ ರೈಡ್ (ದಾಳಿ) ಮಾತ್ರ ಬರುತ್ತದೆ. ಮೂವತ್ತು ವರ್ಷದಿಂದ ಮಣ್ಣಿನ ಅಂಕಣದಲ್ಲೂ ಮ್ಯಾಟ್ ಮೇಲೂ ಹುಡುಗರಿಗೆ ಕ್ಯಾಚಿಂಗ್ ಹೇಳಿಕೊಡುತ್ತಿದ್ದೇನೆ. ಅದೇ ಲೆಕ್ಕದಲ್ಲಿ ನಾಲ್ಕು ಮಾತು.

ಮೈಕಟ್ಟಿನ ಮಾತು ಮೊದಲು ಮುಗಿಸಿಬಿಡೋಣ. ಅಂತರರಾಷ್ಟ್ರೀಯ ಕಬಡ್ಡಿಯಲ್ಲೂ ನಮ್ಮ ದೇಶದ ಪ್ರೊ ಕಬಡ್ಡಿ ಲೀಗ್‌ನಲ್ಲೂ ಪುರುಷರಿಗೆ 85 ಕೆ.ಜಿ. ಮಿತಿ ಇದೆ. ತಕ್ಕಡಿ ಹತ್ತಿದರೆ ಇರಾನಿನವನೂ ಹರಿಯಾಣದವನೂ ಮಂಡ್ಯದವನೂ ಒಂದೇ. ಮುದ್ದೆ ಉಂಡ ಮೈ ಎನ್ನುವವರು ಬಿ.ಸಿ. ರಮೇಶ್ ಅವರನ್ನು ನೆನೆಯಲಿ. ನಮ್ಮ ಕರ್ನಾಟಕದವರು, ಅರ್ಜುನ ಪ್ರಶಸ್ತಿ ಪಡೆದ ಆಟಗಾರ. ಪುಣೇರಿ ಪಲ್ಟನ್ ಕೋಚ್ ಆಗಿ ಒಂಬತ್ತನೇ ಸೀಸನ್‌ನಲ್ಲಿ ಫಜಲ್ ನಾಯಕತ್ವದ ತಂಡವನ್ನು ಫೈನಲ್‌ವರೆಗೆ ಕರೆದೊಯ್ದರು. ಹತ್ತನೇ ಸೀಸನ್‌ನಲ್ಲಿ ಮೊಹಮ್ಮದ್‌ರೆಜಾ ಶಾದ್ಲೂಯಿ ಇದ್ದ ತಂಡಕ್ಕೆ ಕಪ್ಪನ್ನೇ ಗೆಲ್ಲಿಸಿಕೊಟ್ಟರು. ಇರಾನಿನ ಇಬ್ಬರು ದೊಡ್ಡ ಕಾರ್ನರ್‌ಗಳು ಒಬ್ಬ ಕನ್ನಡಿಗನ ಮಾತು ಕೇಳಿ ಆಡಿದ್ದಾರೆ ಎಂದಮೇಲೆ ಆಟದ ಬುದ್ಧಿ ಯಾವ ಮೈಯಲ್ಲಿದೆ ಎಂದು ನೀವೇ ಯೋಚಿಸಿ.

ಹಾಗಾದರೆ ಇರಾನಿನವರಲ್ಲಿ ಏನಿದೆ? ಕುಸ್ತಿ ಇದೆ, ನಮ್ಮಲ್ಲಿ ಕ್ರಿಕೆಟ್ ಇರುವ ಹಾಗೆ. ನಮ್ಮ ಮೈಸೂರು ಸೀಮೆಯ ಗರಡಿಮನೆಯಂಥದ್ದೇ ಅಲ್ಲಿ ‘ಜೂರ್ಖಾನೆ’. ತಗ್ಗಿನಲ್ಲಿ ಅಂಕಣ, ಡೋಲಿನ ತಾಳ, ಆ ತಾಳಕ್ಕೆ ಗದೆಯಂಥ ಮರದ ದಿಂಡುಗಳನ್ನು ಭುಜದ ಸುತ್ತ ತಿರುಗಿಸುವುದು. ಎದುರಾಳಿಯ ಒಂದೇ ಕಾಲಿಗೆ ನುಗ್ಗಿ ಹಿಡಿದು ಉರುಳಿಸುವ ಪಟ್ಟಿಗೆ ಅವರು ‘ಜೀರ್ ಯೆಕ್ ಖಮ್’ ಎನ್ನುತ್ತಾರೆ. ಕುಸ್ತಿ ನೋಡುವ ಯಾವ ಇರಾನಿಯನ್ನು ಕೇಳಿದರೂ ಆ ಹೆಸರು ಹೇಳುತ್ತಾನೆ. ಅದನ್ನೇ ಇನ್ನಷ್ಟು ಕೆಳಗೆ, ಮೀನಖಂಡದಿಂದ ಕೆಳಕ್ಕೆ ತಂದರೆ ಹೆಚ್ಚುಕಡಿಮೆ ನಮ್ಮ ಕಬಡ್ಡಿಯ ಆಂಕಲ್ ಹೋಲ್ಡ್, ಪಾದದ ಗಂಟಿನ ಹಿಡಿತ. ಗೋಲೆಸ್ತಾನ್ ಪ್ರಾಂತ್ಯದ ಗೋರ್ಗಾನ್ ಅಲ್ಲಿಯ ಕಬಡ್ಡಿಯ ತವರು ಇದ್ದ ಹಾಗೆ, 2017ರ ಏಷ್ಯನ್ ಚಾಂಪಿಯನ್‌ಷಿಪ್ ಕೂಡ ಅಲ್ಲೇ ನಡೆಯಿತು. ಫಜಲ್ ಆ ಕಡೆಯವರು. ಅವರಿಗೆ ಹಿಡಿಯುವುದು ಕುಸ್ತಿಯಿಂದಲೇ ಗೊತ್ತಿತ್ತು. ಕಲಿಯಬೇಕಾಗಿದ್ದದ್ದು ಯಾವಾಗ ಹಿಡಿಯಬಾರದು ಎಂಬುದು.

ಇದು ಒಗಟಲ್ಲ. ಕುಸ್ತಿಯಲ್ಲಿ ಒಂದು ಪಟ್ಟು ತಪ್ಪಿದರೆ ಇನ್ನೊಂದು ಹಾಕಬಹುದು. ಕಬಡ್ಡಿಯಲ್ಲಿ ಕಾರ್ನರ್‌ನವನು ಅವಸರಪಟ್ಟು ನುಗ್ಗಿದರೆ ಅಂಕವೂ ಹೋಯಿತು, ಆಟಗಾರನೂ ಹೊರಗೆ ಹೋದ. ರೈಡರ್‌ನ ಕೈ ಮಧ್ಯಗೆರೆ ತಾಕಿದರೆ ಎಂಥ ಬಲವೂ ಕೆಲಸಕ್ಕೆ ಬಾರದು. ಅದಕ್ಕೇ ಕಾರ್ನರ್ ಕಾಯುತ್ತಾನೆ. ರೈಡರ್ ಬೋನಸ್ ಅಂಕಕ್ಕೆಂದು ಒಂದು ಕಾಲು ಬೋನಸ್ ಗೆರೆ ದಾಟಿಸಿ ಇನ್ನೊಂದನ್ನು ಎತ್ತುತ್ತಾನಲ್ಲ, ಆಗ ಅವನ ಇಡೀ ಭಾರ ಮುಂದಿನ ಒಂದೇ ಪಾದದ ಮೇಲೆ. ಆ ಪಾದ ವಾಪಸ್ ಏಳುವ ಮೊದಲು ಸಿಗುವುದು ಕಣ್ಣು ಮಿಟುಕಿಸುವಷ್ಟು ಹೊತ್ತು. ಫಜಲ್ ಆಡುವಾಗ ಅವರ ಕೈ ನೋಡಬೇಡಿ, ಸೊಂಟ ನೋಡಿ. ಕೆಳಗೆ ಕುಳಿತಂತೆ ಇರುತ್ತದೆ, ಅಲುಗುವುದಿಲ್ಲ. ರೈಡರ್ ಕೈ ಬೀಸುತ್ತಾನೆ, ಭುಜ ಕುಣಿಸುತ್ತಾನೆ, ಇವರ ದೃಷ್ಟಿ ಅವನ ಕೆಳಗಿನ ಅರ್ಧದಲ್ಲೇ ನೆಟ್ಟಿರುತ್ತದೆ. ಪಾದ ಸಿಕ್ಕಿತೋ, ಎರಡೂ ಕೈಯಲ್ಲಿ ಹಿಡಿದು ಎದೆಗೆ ಎಳೆದುಕೊಂಡು, ಮೈಯನ್ನು ಅದರ ಮೇಲೆ ಸುತ್ತಿಬಿಡುತ್ತಾರೆ. ಅಷ್ಟರಲ್ಲಿ ಪಕ್ಕದ ಕವರ್, ಅಂದರೆ ನೆರವಿಗೆ ನಿಲ್ಲುವ ಆಟಗಾರ, ಬಂದಿರಬೇಕು. ಅವನು ಬರದಿದ್ದರೆ ಎಂಥ ಫಜಲ್ ಕೂಡ ಮಧ್ಯಗೆರೆಯವರೆಗೆ ಎಳೆಸಿಕೊಂಡು ಹೋಗುತ್ತಾರೆ.

ಒಂದು ಲೆಕ್ಕ ಹೇಳುತ್ತೇನೆ, ಮಗನಿಗೂ ಹೇಳಿ. ನಲವತ್ತು ನಿಮಿಷದ ಪಂದ್ಯದಲ್ಲಿ ಎದುರಾಳಿ ಹೆಚ್ಚುಕಡಿಮೆ ನಲವತ್ತು ಸಲ ರೈಡ್ ಬರುತ್ತದೆ. 2019ರ ಏಳನೇ ಸೀಸನ್‌ನಲ್ಲಿ ಫಜಲ್ ಗಳಿಸಿದ್ದು 82 ಟ್ಯಾಕಲ್ (ರೈಡರ್‌ನನ್ನು ಹಿಡಿದ) ಅಂಕ, ಆ ವರ್ಷ ಎಲ್ಲರಿಗಿಂತ ಹೆಚ್ಚು. ಪಂದ್ಯಕ್ಕೆ ಭಾಗಿಸಿದರೆ ಮೂರೂವರೆಯ ಆಸುಪಾಸು. ಅಂದರೆ ಆ ಸೀಸನ್‌ನ ಅತ್ಯುತ್ತಮ ಡಿಫೆಂಡರ್ ಕೂಡ ಹತ್ತರಲ್ಲಿ ಒಂಬತ್ತು ರೈಡ್‌ನಲ್ಲಿ, ಸ್ಕೋರ್ ಬೋರ್ಡಿನ ಲೆಕ್ಕಕ್ಕೆ, ಏನೂ ಮಾಡಲಿಲ್ಲ. ಆದರೆ ಆ ‘ಏನೂ ಮಾಡದ’ ರೈಡ್‌ಗಳಲ್ಲೇ ಕೆಲಸ ನಡೆದಿರುತ್ತದೆ. ಎದುರಾಳಿ ತಂಡ ಸತತ ಎರಡು ರೈಡ್‌ನಲ್ಲಿ ಖಾಲಿ ಕೈಯಲ್ಲಿ ಹೋದರೆ ಮೂರನೆಯದು ಡೂ ಆರ್ ಡೈ, ರೈಡರ್ ಅಂಕ ತರಲೇಬೇಕು. ಆಗ ಅವನೇ ಮುಂದೆ ಬರುತ್ತಾನೆ, ಬಂದರೆ ಸಿಗುತ್ತಾನೆ. ಪ್ರೊ ಕಬಡ್ಡಿಯಲ್ಲಿ ಮೊದಲು 500 ಟ್ಯಾಕಲ್ ಅಂಕ ದಾಟಿದವರು ಫಜಲ್, ಅದಕ್ಕೆ ಹತ್ತಿರ ಹತ್ತಿರ ಹತ್ತು ವರ್ಷ ಹಿಡಿಯಿತು. ನಿಮ್ಮ ಮಗ ನೋಡುವ ಹತ್ತು ನಿಮಿಷದ ವಿಡಿಯೊದಲ್ಲಿ ಈ ಕಾಯುವ ಭಾಗವನ್ನೆಲ್ಲ ಕತ್ತರಿಸಿ ಹಾಕಿರುತ್ತಾರೆ. ಹಾಗಾಗಿಯೇ ಈಗಿನ ಹುಡುಗರು ಪ್ರತಿ ರೈಡಿಗೂ ನುಗ್ಗುತ್ತಾರೆ. ವಾರಕ್ಕೊಬ್ಬನಿಗಾದರೂ ನಾನು ಇದೇ ವಿಷಯಕ್ಕೆ ಬೈಯುತ್ತಿರುತ್ತೇನೆ.

ಇನ್ನು ದುಡ್ಡಿನ ವಿಷಯ. ಫಜಲ್ 2015ರಲ್ಲಿ ಯು ಮುಂಬಾ ತಂಡದ ಜೊತೆ ಇದ್ದರು. ಆ ವರ್ಷ ಫೈನಲ್‌ನಲ್ಲಿ ನಮ್ಮ ಬೆಂಗಳೂರು ಬುಲ್ಸ್ ತಂಡವನ್ನು ಅವರು 36-30ರಿಂದ ಸೋಲಿಸಿದ್ದು ನಿಮಗೂ ನೆನಪಿರಬಹುದು, ನನಗಂತೂ ಇದೆ. ಆಗ ಫಜಲ್ ಹೆಸರು ಇಲ್ಲಿ ಅಷ್ಟಾಗಿ ಯಾರಿಗೂ ಗೊತ್ತಿರಲಿಲ್ಲ. 2016ರಲ್ಲಿ ಪಟ್ನಾ ಪೈರೇಟ್ಸ್ ಜೊತೆ ಇನ್ನೊಂದು ಕಪ್. 2017ರಲ್ಲಿ ಗುಜರಾತ್ ಜೊತೆ ಫೈನಲ್ ಸೋಲು. 2018ರ ಹರಾಜಿನಲ್ಲಿ ಯು ಮುಂಬಾ ಒಂದು ಕೋಟಿ ಕೊಟ್ಟು ವಾಪಸ್ ಕರೆಸಿಕೊಂಡಿತು. ಲೀಗ್‌ನಲ್ಲಿ ಕೋಟಿ ಮುಟ್ಟಿದ ಮೊದಲ ಆಟಗಾರ ಅವರೇ, ಅದೂ ವಿದೇಶಿ, ಅದೂ ರೈಡರ್ ಅಲ್ಲದ ಡಿಫೆಂಡರ್. 2022ರಲ್ಲಿ 1.38 ಕೋಟಿ, 2023ರಲ್ಲಿ 1.60 ಕೋಟಿ. ನಿಮ್ಮ ಮಗನ ಲೆಕ್ಕ ಬಹುಶಃ ಇಲ್ಲಿಗೇ ನಿಂತಿದೆ. ಮುಂದಿನ ವರ್ಷ, 2024ರಲ್ಲಿ, ಬೆಂಗಾಲ್ ವಾರಿಯರ್ಸ್ ಅವರನ್ನು 50 ಲಕ್ಷಕ್ಕೆ ತೆಗೆದುಕೊಂಡಿತು. ಒಂದೇ ವರ್ಷದಲ್ಲಿ ಮೂರನೇ ಒಂದು ಭಾಗಕ್ಕಿಂತ ಕಡಿಮೆ. ಅದರ ಮುಂದಿನ ವರ್ಷ ದಬಾಂಗ್ ಡೆಲ್ಲಿ ಸೇರಿ, ಮೂವತ್ತಮೂರನೇ ವಯಸ್ಸಿನಲ್ಲಿ ಮತ್ತೆ ಕಪ್ ಎತ್ತಿದರು. ಹರಾಜಿನ ಬೆಲೆಗೂ ಆಟದ ತೂಕಕ್ಕೂ ಇರುವ ನಂಟು ಇಷ್ಟೇ.

ಆ ಕೋಟಿ ಪೂರ್ತಿ ಕೈಗೆ ಬರುವುದೂ ಇಲ್ಲ. ಅನಿವಾಸಿ ವಿದೇಶಿ ಕ್ರೀಡಾಪಟುವಿನ ಆದಾಯಕ್ಕೆ ಇಲ್ಲಿ ಶೇ 20 ತೆರಿಗೆಯನ್ನು ಮೂಲದಲ್ಲೇ ಹಿಡಿಯುತ್ತಾರೆ, ಸರ್‌ಚಾರ್ಜ್, ಸೆಸ್ ಬೇರೆ. ಅಮೆರಿಕದ ನಿರ್ಬಂಧಗಳಿಂದಾಗಿ ಇರಾನಿನ ಬ್ಯಾಂಕಿಗೆ ಹೊರಗಿನಿಂದ ಹಣ ಕಳಿಸುವುದೇ ಒಂದು ತಲೆನೋವು. ರಿಯಾಲ್ ಬೆಲೆ ಪಾತಾಳಕ್ಕೆ ಇಳಿದಿರುವುದರಿಂದ ರೂಪಾಯಿಯಲ್ಲಿ ಬಂದ ಸಂಪಾದನೆಗೆ ಅಲ್ಲಿ ಬೆಲೆ ಹೆಚ್ಚು, ನಿಜ. ಆದರೆ ವರ್ಷದಲ್ಲಿ ಎರಡು, ಹೆಚ್ಚೆಂದರೆ ಮೂರು ತಿಂಗಳ ಒಂದೇ ಲೀಗ್ ಮೇಲೆ ಇಡೀ ಸಂಸಾರ ನಿಂತಿರುತ್ತದೆ. ಕೋವಿಡ್ ಬಂದಾಗ 2019ರ ಅಕ್ಟೋಬರ್‌ನಿಂದ 2021ರ ಡಿಸೆಂಬರ್‌ವರೆಗೆ ಲೀಗೇ ನಡೆಯಲಿಲ್ಲ. ನಮ್ಮ ಆಟಗಾರರಿಗೆ ರೈಲ್ವೆಯೋ ಸೇನೆಯೋ ಪೊಲೀಸ್ ಇಲಾಖೆಯೋ ತಿಂಗಳ ಸಂಬಳ ಕೊಡುತ್ತಿತ್ತು. ಹೊರಗಿನಿಂದ ಬಂದವರಿಗೆ ಇಲ್ಲಿ ಆ ಆಸರೆ ಇಲ್ಲ. 2025ರಲ್ಲಿ ಮೇ 31 ಮತ್ತು ಜೂನ್ 1ರಂದು ಮುಂಬೈಯಲ್ಲಿ ಹರಾಜು ನಡೆಯಿತು. ಎರಡು ವಾರ ಕಳೆಯುವುದರೊಳಗೆ ಇಸ್ರೇಲ್ ಜೊತೆ ಯುದ್ಧ ಶುರುವಾಗಿ ಇರಾನಿನ ಆಕಾಶದಲ್ಲಿ ವಿಮಾನ ಹಾರುವುದೇ ನಿಂತಿತು. ಕೋಟಿಗಟ್ಟಲೆಗೆ ಬಿಕರಿಯಾದ ಹುಡುಗ ಊರಲ್ಲಿ ಕುಳಿತು ಆಕಾಶ ನೋಡುತ್ತಿರುವುದನ್ನು ಒಮ್ಮೆ ಊಹಿಸಿಕೊಳ್ಳಿ. ಪುಣ್ಯಕ್ಕೆ ಹನ್ನೆರಡು ದಿನಕ್ಕೆ ಅದು ನಿಂತಿತು, ಆಗಸ್ಟ್ ಕೊನೆಗೆ ಲೀಗ್ ಶುರುವಾಯಿತು. ಇದರ ಮೇಲೆ ಅಲ್ಲಿ ಗಂಡುಮಕ್ಕಳಿಗೆ ಮಿಲಿಟರಿ ಸೇವೆ ಕಡ್ಡಾಯ. ಅದು ಇತ್ಯರ್ಥವಾಗದೆ ದೇಶ ಬಿಡುವುದೂ ಸಲೀಸಲ್ಲ.

ಶಾದ್ಲೂಯಿ ಕಥೆ ಕೇಳಿದರೆ ನಿಮ್ಮ ಮಗನಿಗೆ ಇಷ್ಟವಾಗಬಹುದು. ಉರ್ಮಿಯಾ ಕಡೆಯ ಹುಡುಗ. ಎಂಟನೇ ಸೀಸನ್ ಪೂರ್ತಿ ಬೆಂಗಳೂರಿನ ವೈಟ್‌ಫೀಲ್ಡ್‌ನ ಒಂದು ಹೋಟೆಲ್ ಒಳಗೆ ನಡೆಯಿತಲ್ಲ, ಪ್ರೇಕ್ಷಕರಿಲ್ಲದೆ, ಹೊರಗೆ ಕಾಲಿಡದೆ, ಅದೇ ಅವರ ಮೊದಲ ಸೀಸನ್. ಭಾಷೆ ಬರದ ಊರಲ್ಲಿ ರೂಮು, ಮ್ಯಾಟು, ಮತ್ತೆ ರೂಮು. ಆ ವರ್ಷ 89 ಟ್ಯಾಕಲ್ ಅಂಕ ಗಳಿಸಿ ಅತ್ಯುತ್ತಮ ಡಿಫೆಂಡರ್ ಆದರು. ಫೈನಲ್‌ನಲ್ಲಿ ಅವರ ತಂಡ ಪಟ್ನಾ ಒಂದೇ ಅಂಕದಿಂದ, 37-36ರಲ್ಲಿ, ಸೋತಿತು. ಅಲ್ಲಿಂದ ಮುಂದೆ 2023ರಲ್ಲಿ 2.35 ಕೋಟಿ, 2024ರಲ್ಲಿ 2.07 ಕೋಟಿ, 2025ರಲ್ಲಿ 2.23 ಕೋಟಿ. ಪುಣೇರಿ ಜೊತೆ ಒಂದು ಕಪ್, ಹರಿಯಾಣ ಸ್ಟೀಲರ್ಸ್ ಜೊತೆ ಇನ್ನೊಂದು. ಇವರು ಫಜಲ್ ಹಾಗೆ ಕಾಯುವವರಲ್ಲ, ರೈಡರ್ ಮೇಲೆ ತಾವೇ ಬೀಳುವವರು. ಹಾಗೆ ಆಡಿ ದಕ್ಕಿಸಿಕೊಳ್ಳುವುದು ಸಾವಿರಕ್ಕೊಬ್ಬರಿಗೆ. ಹುಡುಗರಿಗೆ ತೋರಿಸಲು ನಾನು ಆರಿಸುವುದು ಫಜಲ್‌ರನ್ನೇ.

ವಿದೇಶಿಯರು ನಮ್ಮವರ ಜಾಗ ತಿಂದರು ಎಂಬ ಮಾತು ಅರ್ಧ ಸತ್ಯವೂ ಅಲ್ಲ. ಇಪ್ಪತ್ತರ ಆಸುಪಾಸು ಜನರ ಒಂದು ತಂಡದಲ್ಲಿ ವಿದೇಶಿಯರು ಎರಡರಿಂದ ನಾಲ್ಕು ಜನ. ಉಳಿದವರೆಲ್ಲ ನಮ್ಮವರೇ. ತಂಡದ ಜೇಬಿನಲ್ಲಿರುವ ಐದು ಕೋಟಿಯಲ್ಲಿ ಒಬ್ಬರಿಗೆ ಎರಡು ಕೋಟಿ ಹೋದರೆ ಉಳಿದವರ ಪಾಲು ಸಣ್ಣದಾಗುತ್ತದೆ, ಅದು ಒಪ್ಪತಕ್ಕ ಮಾತು. ಆದರೆ ಆ ಎರಡು ಕೋಟಿ ನಮ್ಮ ದೇಶದ ರೈಡರ್ ಪವನ್ ಸೆಹ್ರಾವತ್ ತೆಗೆದುಕೊಂಡರೂ ಲೆಕ್ಕ ಅದೇ ತಾನೇ? ಅಲ್ಲದೆ ಇರಾನ್ ಈ ಜಾಗವನ್ನು ಕೇಳಿ ಪಡೆದದ್ದಲ್ಲ. 1990ರಿಂದ 2014ರವರೆಗೆ ಏಷ್ಯನ್ ಗೇಮ್ಸ್‌ನ ಏಳು ಚಿನ್ನವೂ ನಮ್ಮದೇ. 2014ರ ಫೈನಲ್‌ನಲ್ಲಿ ಅವರು 27-25ರವರೆಗೆ ಬಂದರು. 2016ರ ವಿಶ್ವಕಪ್ ಫೈನಲ್‌ನಲ್ಲಿ ಅಹಮದಾಬಾದಿನಲ್ಲಿ 38-29ರಿಂದ ಸೋತರು. 2018ರಲ್ಲಿ ಜಕಾರ್ತದ ಸೆಮಿಫೈನಲ್‌ನಲ್ಲಿ ಫಜಲ್ ನಾಯಕತ್ವದ ಇರಾನ್ ನಮ್ಮನ್ನು 27-18ರಿಂದ ಕೆಡವಿ ಚಿನ್ನ ಗೆದ್ದಿತು. ಆ ಸಂಜೆ ಟಿವಿ ಮುಂದೆ ನಮ್ಮ ಹುಡುಗರು ಯಾರೂ ಊಟಕ್ಕೆ ಏಳಲಿಲ್ಲ. 2023ರಲ್ಲಿ ಹಾಂಗ್‌ಝೌನಲ್ಲಿ ಅದೇ ಫಜಲ್ ಎದುರು 33-29ರಿಂದ ಗೆದ್ದು ವಾಪಸ್ ಪಡೆದೆವು, ಅದೂ ಸಮಬಲದಲ್ಲಿದ್ದ ಪಂದ್ಯ ಒಂದು ರೈಡಿನ ತಗಾದೆಯಿಂದ ತುಂಬ ಹೊತ್ತು ನಿಂತು ಹೋದಮೇಲೆ. ನಮ್ಮ ಲೀಗ್‌ನಲ್ಲಿ ಆಡಿ ಅವರು ಕಲಿತರು, ನಿಜ. ಅವರ ಎದುರು ದಿನವೂ ಆಡಿ ನಮ್ಮ ರೈಡರ್‌ಗಳೂ ಕಲಿತಿದ್ದಾರೆ.

ಈಗ ನಿಮ್ಮ ಮನೆಯ ವಿಷಯ. ಕಾಲೇಜು ಬಿಡಿಸುವುದು ಬೇಡ. ಓದಿ ಉದ್ಧಾರವಾಗಲಿ ಎಂದು ಹೇಳುತ್ತಿಲ್ಲ, ಕಬಡ್ಡಿಯ ಲೆಕ್ಕದಲ್ಲೇ ಬೇಡ ಎನ್ನುತ್ತಿದ್ದೇನೆ. ವಿಶ್ವವಿದ್ಯಾಲಯ ತಂಡ ಎನ್ನುವುದು ಈಗ ಒಂದು ದೊಡ್ಡ ಬಾಗಿಲು. 2022ರಲ್ಲಿ ಬೆಂಗಳೂರಿನಲ್ಲಿ ನಡೆದ ಖೇಲೋ ಇಂಡಿಯಾ ಯೂನಿವರ್ಸಿಟಿ ಗೇಮ್ಸ್‌ನ ಮೊದಲ ಎರಡು ತಂಡಗಳ ಹುಡುಗರನ್ನು ಆ ವರ್ಷದ ಪ್ರೊ ಕಬಡ್ಡಿ ಹರಾಜಿನ ಪಟ್ಟಿಗೇ ಸೇರಿಸಿಕೊಂಡರು. ಕಾಲೇಜು ಬಿಟ್ಟವನಿಗೆ ಆ ಬಾಗಿಲು ಮುಚ್ಚಿತು. ಕ್ರೀಡಾ ಕೋಟಾದ ಕೆಲಸಕ್ಕೂ ಪಾಸಾದ ಕಾಗದ ಕೇಳುತ್ತಾರೆ. 2025ರ ಹರಾಜಿನಲ್ಲಿ ಕೆಳಗಿನ ದರ್ಜೆಯ ಮೂಲಬೆಲೆ 9 ಲಕ್ಷ. ಒಂದು ವರ್ಷ ಸಿಕ್ಕಿ ಮರುವರ್ಷ ಯಾರೂ ಕೂಗದೆ ಮನೆಗೆ ಬಂದ ಹುಡುಗರು ನನಗೆ ಗೊತ್ತು. ಕೆಲಸ ಇದ್ದವನು ಮತ್ತೆ ಅಭ್ಯಾಸಕ್ಕೆ ಹೋದ, ಇಲ್ಲದವನು ಕ್ಯಾಬ್ ಓಡಿಸುತ್ತಿದ್ದಾನೆ.

ಎರಡು ಲಕ್ಷದ ‘ಇರಾನಿ ಟ್ರೇನಿಂಗ್’ ಎಂಬುದು ಒಂದು ಹೆಸರು, ಅಷ್ಟೇ. ಆ ದುಡ್ಡು ಕಟ್ಟಬೇಡಿ. ಕಟ್ಟಲೇಬೇಕು ಅನ್ನಿಸಿದರೆ ಮೊದಲು ಹೋಗಿ ಒಂದು ಬೆಳಗ್ಗೆ ಕುಳಿತು ನೋಡಿ. ಮ್ಯಾಟ್ ಇದೆಯೇ, ಒಬ್ಬ ಕೋಚ್‌ಗೆ ಎಷ್ಟು ಹುಡುಗರು, ಪೆಟ್ಟಾದರೆ ನೋಡಲು ಯಾರಿದ್ದಾರೆ, ಅಲ್ಲಿಂದ ರಾಜ್ಯ ತಂಡಕ್ಕೆ ಯಾರು ಹೋಗಿದ್ದಾರೆ ಎಂದು ಹೆಸರು ಸಮೇತ ಕೇಳಿ. ಹೆಸರು ಹೇಳದೆ ಫೋಟೊ ತೋರಿಸಿದರೆ ಎದ್ದು ಬನ್ನಿ. ಅದಕ್ಕಿಂತ ಯುವಜನ ಸೇವಾ ಮತ್ತು ಕ್ರೀಡಾ ಇಲಾಖೆಯ ಕ್ರೀಡಾ ಹಾಸ್ಟೆಲ್ ಆಯ್ಕೆಗೆ ಕಳಿಸಿ ನೋಡಿ. ಅಲ್ಲಿ ಊಟ, ಓದು, ಅಭ್ಯಾಸ ಒಟ್ಟಿಗೆ ನಡೆಯುತ್ತದೆ. ಸೀಟು ಕಡಿಮೆ, ಸಿಗದೇ ಹೋಗಬಹುದು. ಸಿಗದಿದ್ದರೆ ಮನೆಯಲ್ಲೇ ಇದ್ದು ಕಾಲೇಜು ತಂಡದಲ್ಲಿ ಆಡಲಿ, ಒಂದು ವರ್ಷ ಹೋದರೆ ಆಕಾಶವೇನೂ ಬೀಳುವುದಿಲ್ಲ. ಕಾರ್ನರ್ ಜಾಗ ವಯಸ್ಸನ್ನು ಸಹಿಸುತ್ತದೆ. ಫಜಲ್ ಮೂವತ್ತಮೂರಕ್ಕೆ ಕಪ್ ಎತ್ತಿದ್ದನ್ನು ಮೇಲೆ ಹೇಳಿದೆನಲ್ಲ.

ಕುಸ್ತಿ ಬೇಕು ಎಂದರೆ ಬೇಡ ಎನ್ನಬೇಡಿ, ಅದರಲ್ಲಿ ಅವನು ಸರಿಯಾಗಿದ್ದಾನೆ. ಹತ್ತಿರದ ಗರಡಿಮನೆಗೆ ವಾರಕ್ಕೆ ಎರಡು ದಿನ ಹೋಗಲಿ. ಹಿಡಿತ, ಕತ್ತು, ಸೊಂಟ ಮೂರೂ ಗಟ್ಟಿಯಾಗುತ್ತವೆ. ತೂಕ ಇಳಿಸಲು ನೀರು ಬಿಡುವುದು, ಪ್ಲಾಸ್ಟಿಕ್ ಜಾಕೆಟ್ ಹಾಕಿಕೊಂಡು ಓಡುವುದು ಮಾತ್ರ ಕಂಡರೆ ತಕ್ಷಣ ನಿಲ್ಲಿಸಿ. ಇನ್ನೊಂದು ಮನೆಪಾಠ. ಯಾವುದಾದರೂ ಒಂದು ಪೂರ್ತಿ ಪಂದ್ಯವನ್ನು ಅಪ್ಪ ಮಗ ಇಬ್ಬರೂ ಕುಳಿತು ನೋಡಿ, ರೈಡರ್‌ನನ್ನು ಬಿಟ್ಟು ಫಜಲ್ ಒಬ್ಬರನ್ನೇ. ನುಗ್ಗಿದಾಗ ಒಂದು ಗೀಟು, ನುಗ್ಗದೆ ಬಿಟ್ಟಾಗ ಒಂದು ಸೊನ್ನೆ. ಪಂದ್ಯ ಮುಗಿದಮೇಲೆ ಆ ಹಾಳೆ ಅವನ ಕೈಗೇ ಕೊಡಿ, ಮತ್ತೇನೂ ಹೇಳಬೇಡಿ.

ಕೊನೆಗೆ, ನೀವು ‘ಅದು ಬೇರೆ’ ಎಂದು ಒಂದೇ ಸಾಲಿನಲ್ಲಿ ದಾಟಿಸಿಬಿಟ್ಟ ಮಂಡಿ ನೋವು. ನಿಮ್ಮ ಪತ್ರದಲ್ಲಿ ನನ್ನನ್ನು ಕಾಡಿದ್ದು ಅದೊಂದೇ. ಲೆಫ್ಟ್ ಕಾರ್ನರ್ ಬಗ್ಗಿ ನಿಂತು, ಒಂದು ಕಾಲಿನ ಮೇಲೆ ಭಾರ ಹಾಕಿ, ಅಲ್ಲಿಂದಲೇ ತಿರುಗಿ ನುಗ್ಗುವವನು. ಮಂಡಿಯೊಳಗಿನ ಲಿಗಮೆಂಟ್ ಹೋಗುವುದೇ ಆ ತಿರುವಿನಲ್ಲಿ. 2022ರಲ್ಲಿ 2.26 ಕೋಟಿಗೆ ತಮಿಳ್ ತಲೈವಾಸ್ ಸೇರಿದ್ದ ಪವನ್ ಸೆಹ್ರಾವತ್ ಮೊದಲ ಪಂದ್ಯದಲ್ಲೇ ಮಂಡಿಗೆ ಪೆಟ್ಟಾಗಿ ಇಡೀ ಸೀಸನ್ ಹೊರಗೆ ಕುಳಿತರು, ಅದೂ ರೈಡ್ ಮಾಡುವಾಗ ಅಲ್ಲ, ಒಬ್ಬರನ್ನು ಹಿಡಿಯಲು ಹೋದಾಗ. ಅವರಿಗೆ ತಂಡ ಇತ್ತು, ವೈದ್ಯರಿದ್ದರು, ದುಡ್ಡಿತ್ತು. ನನ್ನದೇ ಕೈಕೆಳಗೆ ಆಡಿದ ಒಬ್ಬ ಹುಡುಗ ಹೀಗೇ ಪಟ್ಟಿ ಕಟ್ಟಿಕೊಂಡು ಎರಡು ತಿಂಗಳು ಆಡಿದ. ನಾನೂ ಚಿಕ್ಕ ನೋವು ಎಂದು ಬಿಟ್ಟೆ, ತಪ್ಪು ನನ್ನದೇ. ಅವನು ಇವತ್ತಿಗೂ ಮೆಟ್ಟಿಲು ಇಳಿಯುವಾಗ ಗೋಡೆ ಹಿಡಿಯುತ್ತಾನೆ.

ಮಂಡಿ ಊದುತ್ತದೆಯೇ, ನಡೆಯುವಾಗ ಸಡಿಲವಾಗಿ ಜಾರಿದ ಹಾಗೆ ಆಗುತ್ತದೆಯೇ, ಪೂರ್ತಿ ಮಡಿಸಿ ಕುಳಿತುಕೊಳ್ಳಲು ಬರುತ್ತದೆಯೇ ಎಂದು ಅವನನ್ನು ಕೇಳಿ. ಮೊದಲ ಎರಡಕ್ಕೆ ಹೌದು ಅಂದರೆ, ಅಥವಾ ಮೂರನೆಯದಕ್ಕೆ ಇಲ್ಲ ಅಂದರೆ, ಇವತ್ತಿನಿಂದಲೇ ಅಂಕಣಕ್ಕೆ ಇಳಿಸಬೇಡಿ. ಏನು ಹೇಳಿದರೂ ಆರು ವಾರದ ನೋವಿಗೆ ಪಟ್ಟಿ ಔಷಧಿಯಲ್ಲ, ಮೂಳೆ ಡಾಕ್ಟರ ಹತ್ತಿರ ತೋರಿಸಲೇಬೇಕು. ಎಣ್ಣೆ ನೀವಿಸುವುದು, ಎಳೆದು ಕೂರಿಸುವುದು ಯಾವುದೂ ಬೇಡ. ಮಂಡ್ಯದ ಸರ್ಕಾರಿ ಮೆಡಿಕಲ್ ಕಾಲೇಜು ಆಸ್ಪತ್ರೆ ನಿಮಗೆ ದೂರವಲ್ಲ. ಅವರು ಎಂಆರ್‌ಐ ಮಾಡಿಸಿ ಅಂದರೆ ಮಾಡಿಸಿ, ಅಕಾಡೆಮಿಗೆಂದು ಎತ್ತಿಟ್ಟ ದುಡ್ಡಿನಲ್ಲಿ ಅದಕ್ಕೆ ಸಣ್ಣದೊಂದು ಭಾಗ ಸಾಕು. ಆ ರಿಪೋರ್ಟ್ ಬಂದಮೇಲೆ ಮತ್ತೆ ಬರೆಯಿರಿ, ಹಾಸ್ಟೆಲ್ ಆಯ್ಕೆಯ ಮಾತು ಆಮೇಲೆ.